ಎಣಿಕೆಯ ಕಣ್ಣಿಗೆ ಇಟ್ಟ ಕುಂಕುಮ

ಬರೆಯಲು ಕೂರುವ ಮೊದಲು ಕೈಮುಗಿಯಬೇಕಾದವರಿಗೆ ಕೈಮುಗಿಯುತ್ತೇನೆ. ಬೆಳಗಿನ ಜಾವ ಕಣ್ಣು ತೆರೆಸಿ ಇನ್ನೊಂದು ದಿನವನ್ನು ಕೈಗಿಡುವ ಶ್ರೀಮನ್ನಾರಾಯಣನಿಗೆ. ಅಕ್ಷರವನ್ನೂ ಅಂಕಿಯನ್ನೂ ಒಂದೇ ಮಣೆಯ ಮೇಲೆ ಕೂರಿಸಿ ಕಲಿಸಿದ ನನ್ನ ಗುರುಗಳಿಗೆ. ಮನೆಮನೆಯ ಒಲೆಯಲ್ಲಿ ದಿನವೂ ಪ್ರತ್ಯಕ್ಷನಾಗುವ ಅಗ್ನಿದೇವನಿಗೆ. ಆ ಅಗ್ನಿ ಹಿಗ್ಗದಂತೆ ಕುಗ್ಗದಂತೆ ಹದದಲ್ಲಿ ಹಿಡಿದಿಡುವ ಬೆರಳುದ್ದದ ಹಿತ್ತಾಳೆಯ ವಾಲ್ವ್‌ಗಳನ್ನು ಜೋಡಿಸುವ ಕೈಗಳಿಗೆ. ಈ ವಯಸ್ಸಿನಲ್ಲಿ ನನಗೊಂದು ಕೆಲಸವನ್ನು ಒದಗಿಸಿ, ಆ ಕೆಲಸದ ನಡುವೆ ಮನಸಾರೆ ನಗುವ ಭಾಗ್ಯವನ್ನೂ ಒದಗಿಸಿದ ಕರುಣೆಗೆ ಕೃತಜ್ಞನಾಗಿ ಈ ಪ್ರಸಂಗವನ್ನು ಹೇಳುತ್ತಿದ್ದೇನೆ.

ಜಿಗಣಿಯ ಕೈಗಾರಿಕಾ ಪ್ರದೇಶದಲ್ಲಿ ಗ್ಯಾಸ್ ಒಲೆಯ ವಾಲ್ವ್ ತಯಾರಿಸುವ ಕಾರ್ಖಾನೆಯೊಂದಿದೆ. ಒಲೆಯ ಮುಂದಿನ ಗುಂಡಿಯನ್ನು ತಿರುಗಿಸಿದಾಗ ಅದರ ಹಿಂದೆ ಕಾಣದಂತೆ ತಿರುಗಿ ಅನಿಲವನ್ನು ಬಿಡುವ, ನಿಲ್ಲಿಸುವ ಪುಟ್ಟ ಭಾಗವೇ ಈ ವಾಲ್ವ್. ಆ ಕಾರ್ಖಾನೆಯ ಮಾಲೀಕರು ಒಂದು ಭಾನುವಾರ ಆನೇಕಲ್ಲಿನ ನನ್ನ ಮನೆಗೆ ಬಂದರು. ಸರ್ಕಾರಿ ಕಾರ್ಖಾನೆಯಲ್ಲಿ ನಾನು ಕೆಲಸದ ಅಳತೆಯ ವಿಭಾಗದಲ್ಲಿದ್ದೆನೆಂಬುದನ್ನು ಅವರು ಯಾರಿಂದಲೋ ಕೇಳಿ ತಿಳಿದಿದ್ದರು. ನನ್ನ ಪೂಜೆ ಮುಗಿಯುವವರೆಗೆ ತಾಳ್ಮೆಯಿಂದ ಜಗಲಿಯಲ್ಲಿ ಕುಳಿತಿದ್ದು, ತೀರ್ಥ ತೆಗೆದುಕೊಂಡ ಮೇಲೆ ಮಾತು ತೆಗೆದರು.

“ಸಾರ್, ನಮ್ಮಲ್ಲಿ ಎರಡು ಲೈನ್ ಇದಾವೆ. ಒಂದನೇದು ಪರವಾಗಿಲ್ಲ. ಎರಡನೇದು ಏನ್ ಮಾಡಿದ್ರೂ ಗಂಟೆಗೆ ಮುನ್ನೂರು ದಾಟಲ್ಲ. ನಮ್ಮಿಂದ ತಗೊಳೋ ಒಲೆ ಕಂಪನಿಯವ್ರು ಮುಂದಿನ ತಿಂಗಳು ಬಂದು ನೋಡ್ತಾರೆ. ಎರಡೂ ಲೈನಲ್ಲಿ ಗಂಟೆಗೆ ಮುನ್ನೂರ ನಲವತ್ತು ಕಂಡ್ರೆ ಆರ್ಡರ್ ನಮ್ಗೆ. ಇಲ್ದಿದ್ರೆ ಹೊಸೂರಿನವ್ರಿಗೆ.”

“ಹೊಸೂರಿನವರಿಗೆ ಹೋದರೆ?”

“ಎರಡನೇ ಲೈನ್ ಮುಚ್ಚಬೇಕು ಸಾರ್. ಅಲ್ಲಿರೋ ಹೆಣ್ಣುಮಕ್ಕಳಿಗೆ ಏನ್ ಹೇಳ್ಲಿ ಅಂತ ಈಗಿಂದ್ಲೇ ನಿದ್ದೆ ಬರ್ತಿಲ್ಲ.”

ನಾನು ಒಪ್ಪಿಕೊಂಡೆ. ಕಾರು ಕಳಿಸುತ್ತೇನೆಂದರು, ಬೇಡವೆಂದೆ. ಚಂದಾಪುರದಿಂದ ಆ ಹೆಣ್ಣುಮಕ್ಕಳನ್ನು ಕರೆದೊಯ್ಯುವ ವ್ಯಾನಿನಲ್ಲಿಯೇ ನನಗೊಂದು ಸೀಟು ಸಾಕೆಂದೆ. ಅಳೆಯಲು ಹೋಗುವವನು ಅಳತೆಗೆ ಒಳಗಾಗುವವರ ಜೊತೆಯಲ್ಲಿ ಪ್ರಯಾಣ ಮಾಡಬೇಕೆಂಬುದು ನನ್ನ ಹಳೆಯ ನಿಯಮ.

ವ್ಯಾನು ಹತ್ತಿದ ಮೊದಲ ದಿನವೇ ಮುಂದಿನ ಸೀಟಿನಿಂದ ಒಬ್ಬಾಕೆ ಹಿಂತಿರುಗಿ ನೋಡಿದರು. ನಲವತ್ತರ ಆಸುಪಾಸಿನವರು, ಹಣೆಯ ಮೇಲೆ ದೊಡ್ಡ ಕುಂಕುಮ, ದನಿಯಲ್ಲಿ ಮುಲಾಜಿಲ್ಲ. ಎರಡನೆಯ ಲೈನಿನ ನಾಯಕಿ ಅವರೇ ಎಂದು ಆಮೇಲೆ ತಿಳಿಯಿತು.

“ತಾತ, ನೀವು ನಮ್ಮನ್ನ ಅಳೆಯೋಕೆ ಬಂದಿರೋದಂತೆ?”

“ನಿಮ್ಮನ್ನಲ್ಲಮ್ಮ, ಗಂಟೆಯನ್ನು ಅಳೆಯೋಕೆ.”

“ಗಂಟೇನ ಎಷ್ಟು ಬೇಕಾದ್ರೂ ಅಳೀರಿ. ಅದಕ್ಕೇನು, ಬೈಯಿಸ್ಕೊಳ್ಳೋ ಕಿವಿ ಐತಾ?”

ವ್ಯಾನಿನ ತುಂಬ ನಗೆ. ನಾನೂ ನಕ್ಕೆ. ಆದರೆ ಆ ಮಾತು ಕೆಲಸದ ಮೂಲಕ್ಕೇ ಕೈಯಿಟ್ಟಿತ್ತೆಂಬುದು ನನಗೆ ಅರ್ಥವಾಗಲು ಬಹಳ ದಿನ ಬೇಕಾಯಿತು.

ಕಾರ್ಖಾನೆಯ ಕ್ರಮ ಹೀಗಿತ್ತು. ಲೈನಿನ ಒಂದು ತುದಿಯಲ್ಲಿ ಹಿತ್ತಾಳೆಯ ಒಡಲು ಬರುತ್ತದೆ. ಒಬ್ಬರು ಅದಕ್ಕೆ ಸ್ಪ್ರಿಂಗ್ ಕೂರಿಸುತ್ತಾರೆ, ಇನ್ನೊಬ್ಬರು ಗ್ರೀಸ್ ಸವರಿದ ತಿರುಗಣೆಯನ್ನು ಇಳಿಸುತ್ತಾರೆ, ಮತ್ತೊಬ್ಬರು ಗಾಳಿಯ ಬಲದಿಂದ ತಿರುಗುವ ಸ್ಕ್ರೂ ಡ್ರೈವರಿನಿಂದ ಮುಚ್ಚಳವನ್ನು ಬಿಗಿಯುತ್ತಾರೆ. ಕೊನೆಯಲ್ಲಿ ಪರೀಕ್ಷೆಯ ಯಂತ್ರ. ಅದು ವಾಲ್ವಿನೊಳಗೆ ಗಾಳಿಯನ್ನು ಒತ್ತುತ್ತದೆ; ಎಲ್ಲಿಯೂ ಸೋರುತ್ತಿಲ್ಲವೆಂದು ಖಚಿತವಾದರೆ ಹಸಿರು ದೀಪ ಬೆಳಗುತ್ತದೆ. ದೀಪ ಬೆಳಗಿದ ವಾಲ್ವ್ ಜಾರುವ ತಗಡಿನ ಮೇಲಿಂದ ತಟ್ಟೆಗೆ ಇಳಿಯುತ್ತದೆ. ತುಂಬಿದ ತಟ್ಟೆಗಳು ಪ್ಯಾಕಿಂಗಿಗೆ ಹೋಗುತ್ತವೆ. ಪ್ರತಿ ಗಂಟೆಯ ಕೊನೆಯಲ್ಲಿ ಲೈನಿನ ನಾಯಕಿ ತಟ್ಟೆಗಳ ಲೆಕ್ಕ ಹಿಡಿದು ಗೋಡೆಯ ಬಿಳಿಯ ಹಲಗೆಯ ಮೇಲೆ ಆ ಗಂಟೆಯ ಉತ್ಪಾದನೆಯನ್ನು ಬರೆಯುತ್ತಾರೆ. ಮುನ್ನೂರಕ್ಕಿಂತ ಕಡಿಮೆಯಾದರೆ ಕೆಂಪು ಶಾಯಿ. ಮುನ್ನೂರು ಮತ್ತು ಮೇಲಾದರೆ ನೀಲಿ.

ಎರಡನೆಯ ಲೈನಿನ ಹಲಗೆಯ ಮೇಲೆ ಎಂದೂ ಕೆಂಪಿರಲಿಲ್ಲ. ಮೇಲಿನಿಂದ ಕೆಳಗಿನವರೆಗೆ ಮುನ್ನೂರು, ಮುನ್ನೂರೆರಡು, ಮುನ್ನೂರು, ಮುನ್ನೂರೊಂದು. ನೋಡಲು ಅಚ್ಚುಕಟ್ಟು; ಆದರೆ ಗುರಿಯಿಂದ ಪ್ರತಿ ಗಂಟೆಯೂ ನಲವತ್ತು ಕಡಿಮೆ.

ಮೊದಲು ನಾನು ಸ್ಟಾಪ್‌ವಾಚ್ ಹಿಡಿದು ಲೈನಿನ ಪಕ್ಕದಲ್ಲಿ ನಿಂತೆ. ಆ ಪ್ರಯತ್ನ ಸಂಪೂರ್ಣವಾಗಿ ಮುರಿದುಬಿತ್ತು. ವಯಸ್ಸಾದವನು ನಿಂತಿರುವಾಗ ತಾವು ಕುಳಿತಿರುವುದು ಅವರಿಗೆ ಸರಿಯೆನಿಸಲಿಲ್ಲ. ನಾನು ಯಾರ ಹತ್ತಿರ ಹೋದರೆ ಅವರು ಎದ್ದು ನಿಂತರು. ಕೂರಿರಮ್ಮ ಎಂದರೆ, “ನೀವು ಮೊದಲು ಕೂತ್ಕೊಳ್ಳಿ ತಾತ” ಎಂದರು. ನಾನು ಕುಳಿತ ಮೇಲೆ, ನನ್ನ ಎದುರಿನಲ್ಲಿ ತಪ್ಪಾಗಬಾರದೆಂದು ಪರೀಕ್ಷೆಯ ಮೇಜಿನ ಹುಡುಗಿ ಪ್ರತಿಯೊಂದು ವಾಲ್ವನ್ನೂ ಎರಡೆರಡು ಸಲ ಪರೀಕ್ಷಿಸಿದಳು. ಹತ್ತಿರದಲ್ಲಿದ್ದಾಕೆ ಎಳನೀರು ತರಿಸಿದರು. ನಾನು ಅಳೆಯುತ್ತಿದ್ದುದು ಅವರ ಕೆಲಸವನ್ನಲ್ಲ, ಅವರ ಸಂಸ್ಕಾರವನ್ನು ಎಂದು ಅರಿವಾಗಿ ಸ್ಟಾಪ್‌ವಾಚನ್ನು ಜೇಬಿಗೆ ಸೇರಿಸಿದೆ.

ಮನುಷ್ಯನ ಕಣ್ಣಿನ ಬದಲು ಯಂತ್ರದ ಕಣ್ಣನ್ನು ಇಡುವುದೆಂದು ತೀರ್ಮಾನವಾಯಿತು. ವಾಲ್ವ್ ಜಾರಿ ಬರುವ ತಗಡಿನ ಮೇಲೆ ಬೆಳಕಿನ ಕಿರಣವೊಂದನ್ನು ಹಾಯಿಸುವ ಪುಟ್ಟ ಪೆಟ್ಟಿಗೆ. ಕಿರಣವನ್ನು ವಾಲ್ವ್ ಅಡ್ಡಗಟ್ಟಿದಾಗಲೆಲ್ಲ ಒಂದು ಎಂದು ಎಣಿಸುತ್ತದೆ. ಯಂತ್ರ ನಿರ್ವಹಣೆಯ ಮೇಸ್ತ್ರಿ ಅದನ್ನು ಶುಕ್ರವಾರ ಬೆಳಗ್ಗೆ ಕೂರಿಸಿದರು. ಶುಕ್ರವಾರವಾದ್ದರಿಂದ ಎಲ್ಲ ಯಂತ್ರಗಳಿಗೂ ಪೂಜೆ ನಡೆಯುವುದು ಅಲ್ಲಿನ ವಾಡಿಕೆ. ಹೊಸದಾಗಿ ಬಂದ ಈ ಪೆಟ್ಟಿಗೆಗೆ ಪೂಜೆ ಮಾಡುವ ಗೌರವವನ್ನು ನನಗೆ ಕೊಟ್ಟರು. ನಾನು ಸಂಕಲ್ಪ ಹೇಳಿ, ಹೂ ಮುಡಿಸಿ, ಗಂಧ ಕುಂಕುಮವನ್ನು ಭಕ್ತಿಯಿಂದ ಧಾರಾಳವಾಗಿಯೇ ಇಟ್ಟೆ. ಮಂಗಳಾರತಿಯಾಯಿತು. ಲೈನು ಹೊರಟಿತು.

ಗಂಟೆ ಕಳೆಯಿತು. ಯಂತ್ರದ ಎಣಿಕೆ ಸೊನ್ನೆ.

ಉತ್ಪಾದನೆಯ ಇನ್‌ಚಾರ್ಜ್ ಮಹಡಿಯ ಮೇಲಿನ ಕೋಣೆಯಿಂದ ಇಳಿದು ಬಂದರು. ಬೆಂಗಳೂರಿನಲ್ಲೇ ಹುಟ್ಟಿ ಬೆಳೆದ, ಚುರುಕಾದ, ಬೇಗ ಬಿಸಿಯಾಗುವ ತರುಣ. “ಏನ್ ಗುರು ಇದು, ಒಂದು ಗಂಟೆ ಸೊನ್ನೆ ಅಂದ್ರೆ? ಲೈನ್ ಓಡ್ತಿದೆ, ಇದು ಮಲಗಿದ್ಯಾ?”

ಮೇಸ್ತ್ರಿ ತಂತಿ ಬಿಚ್ಚಿದರು, ಕಟ್ಟಿದರು. ಫ್ಯೂಸ್ ಬದಲಿಸಿದರು. ಪೆಟ್ಟಿಗೆಯ ಹಿಂಬದಿ ತೆರೆದು ಮುಚ್ಚಿದರು. ಕಡೆಗೆ ಹೆಗಲ ಮೇಲಿನ ಬಟ್ಟೆಯಿಂದ ತಮ್ಮ ಮುಖವನ್ನೊಮ್ಮೆ ಒರೆಸಿಕೊಂಡು, ಅದೇ ಬಟ್ಟೆಯಿಂದ ಅಭ್ಯಾಸಬಲದಿಂದ ಪೆಟ್ಟಿಗೆಯ ಮುಖವನ್ನೂ ಒರೆಸಿದರು. ತಕ್ಷಣ ಎಣಿಕೆ ಆರಂಭವಾಯಿತು: ಒಂದು, ಎರಡು, ಮೂರು. ಎಲ್ಲರೂ ಬಟ್ಟೆಯತ್ತ ನೋಡಿದೆವು. ಅದು ಕೆಂಪಾಗಿತ್ತು. ಕಿರಣ ಹೊರಡುವ ಗಾಜಿನ ಮೇಲೆಯೇ ನಾನು ಕುಂಕುಮ ಇಟ್ಟಿದ್ದೆ.

“ದೇವ್ರಿಗೂ ಕಣ್ಣೊಳಗೆ ಕುಂಕುಮ ತುಂಬಲ್ಲ ತಾತ,” ಎಂದರು ನಾಯಕಿ. “ಹಣೆಗಿಡ್ತಾರೆ.”

ಅಂದು ಆ ಶೆಡ್ಡಿನಲ್ಲಿ ಎದ್ದ ನಗೆಯನ್ನು ನೆನೆದರೆ ಈಗಲೂ ನನಗೆ ನಗು ಬರುತ್ತದೆ. ಎದ್ದು ನಿಲ್ಲುವ ಮರ್ಯಾದೆ ಆ ದಿನದಿಂದ ನಿಂತುಹೋಯಿತು. ನಾನು ಪಕ್ಕದಲ್ಲಿ ಹಾದುಹೋದರೂ ಕೆಲಸ ತನ್ನಷ್ಟಕ್ಕೆ ನಡೆಯತೊಡಗಿತು. ದೇವರು ನನ್ನ ತಪ್ಪನ್ನೂ ಉಪಯೋಗಕ್ಕೆ ತೆಗೆದುಕೊಂಡನೆಂದು ಭಾವಿಸಿದೆ.

ಸೋಮವಾರ ಯಂತ್ರ ಮೊದಲ ಗಂಟೆಯಿಂದಲೇ ಎಣಿಸತೊಡಗಿದ ಮೇಲೆ ಹೊಸ ತೊಡಕು ಕಾಣಿಸಿತು. ಹಲಗೆಯ ಮೇಲಿನ ಅಂಕಿಗೂ ಯಂತ್ರದ ಅಂಕಿಗೂ ಹೊಂದಿಕೆಯೇ ಇರಲಿಲ್ಲ. ಹಲಗೆಯಲ್ಲಿ ಮೊದಲ ಮೂರು ಗಂಟೆಗಳೂ ಮುನ್ನೂರರ ಸುತ್ತ; ಯಂತ್ರದಲ್ಲಿ ಮುನ್ನೂರ ನಲವತ್ತರ ಸುತ್ತ. ನಾಲ್ಕನೆಯ ಗಂಟೆ ಹಲಗೆಯಲ್ಲಿ ಮತ್ತೆ ಮುನ್ನೂರು. ಯಂತ್ರದಲ್ಲಿ ಇನ್ನೂರನ್ನೂ ಮುಟ್ಟಿಲ್ಲ. ಮಧ್ಯಾಹ್ನದ ಟೀ ನಂತರದ ಗಂಟೆಯಲ್ಲಿಯೂ ಹಾಗೆಯೇ.

“ಕುಂಕುಮ ಇನ್ನೂ ಒಳಗೆ ಉಳಿದಿದೆ ಸಾರ್,” ಎಂದು ಇನ್‌ಚಾರ್ಜ್ ನಕ್ಕು ಕೈಚೆಲ್ಲಿದರು. “ಬಿಸಾಕಿ ಇದನ್ನ.”

ನಾನು ಬಿಸಾಡಲಿಲ್ಲ. ಒಂದಿಡೀ ಗಂಟೆ ಜಪಮಾಲೆಯನ್ನು ಕೈಯಲ್ಲಿ ಹಿಡಿದು, ಒಂದೊಂದು ವಾಲ್ವಿಗೆ ಒಂದೊಂದು ಮಣಿ ಜಾರಿಸುತ್ತ ಎಣಿಸಿದೆ. ಯಂತ್ರದ ಲೆಕ್ಕ ಸರಿಯಾಗಿತ್ತು. ಸಂಜೆ ಇನ್ನೊಂದು ಕೆಲಸ ಮಾಡಿದೆ: ಇಡೀ ದಿನದ ಮೊತ್ತವನ್ನು ಎರಡೂ ಕಡೆ ಕೂಡಿದೆ. ಮೊತ್ತ ಒಂದೇ! ಮರುದಿನವೂ ಅಷ್ಟೇ. ಗಂಟೆಗಳು ಮಾತ್ರ ಬೇರೆ, ದಿನ ಒಂದೇ.

ಬಾಲ್ಯದಲ್ಲಿ ನಮ್ಮ ಪಾಠಶಾಲೆಯಲ್ಲಿ ಘಳಿಗೆ ಬಟ್ಟಲೊಂದಿತ್ತು. ತಳದಲ್ಲಿ ಸಣ್ಣ ರಂಧ್ರವಿರುವ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ ಅದು ತುಂಬಿ ಮುಳುಗುವ ಹೊತ್ತಿಗೆ ಒಂದು ಘಳಿಗೆ. ಎಲ್ಲ ಘಳಿಗೆಗಳೂ ಒಂದೇ ಅಳತೆಯವು. ಆದರೆ ಅವುಗಳೊಳಗೆ ನಾವು ಕಲಿತ ಪಾಠ ಎಂದೂ ಒಂದೇ ಅಳತೆಯದಾಗಿರಲಿಲ್ಲ. ಕಾಲ ಸಮವಾಗಿ ಹರಿಯಬಹುದು, ಕೆಲಸ ಹಾಗೆ ಹರಿಯುವುದಿಲ್ಲ. ಈ ಹಲಗೆಯಲ್ಲಿ ಮಾತ್ರ ಪ್ರತಿ ಗಂಟೆಯ ಕೆಲಸವೂ ಅವಳಿಜವಳಿ. ಎಲ್ಲೋ ಯಾರೋ ಒಳ್ಳೆಯ ಗಂಟೆಯಿಂದ ಎತ್ತಿ ಕೆಟ್ಟ ಗಂಟೆಗೆ ಸುರಿಯುತ್ತಿದ್ದಾರೆ.

ಮರುದಿನ ಊಟದ ವಿರಾಮದಲ್ಲಿ, ಉಳಿದವರು ಕೈತೊಳೆಯಲು ಹೋದಾಗ, ನಾಯಕಿಯನ್ನು ಕೇಳಿದೆ: “ಅಮ್ಮ, ಎತ್ತಿಡೋದು ಎಲ್ಲಿ?”

ಅವರು ನನ್ನನ್ನು ಅರೆಗಳಿಗೆ ದಿಟ್ಟಿಸಿದರು. ಆಮೇಲೆ ಮೇಜಿನ ಕೆಳಗೆ ಬಾಗಿ, ಹಳೆಯ ಸೀರೆಯ ತುಂಡೊಂದನ್ನು ಸರಿಸಿದರು. ನೀಲಿ ಬಣ್ಣದ ಪ್ಲಾಸ್ಟಿಕ್ ಬುಟ್ಟಿ. ಅದರ ತುಂಬ ಹಸಿರು ದೀಪ ಕಂಡ, ಲಕ್ಷಣವಾದ ವಾಲ್ವ್‌ಗಳು.

“ಅನ್ನಕ್ಕಿಡೋಕೆ ಮುಂಚೆ ಒಂದು ಹಿಡಿ ಅಕ್ಕಿ ಎತ್ತಿಡಲ್ವಾ ತಾತ? ಅಂಗೇ ಇದು. ಒಳ್ಳೆ ಗಂಟೇಲಿ ಇಡ್ತೀವಿ, ಕೆಟ್ಟ ಗಂಟೇಲಿ ತೆಗೀತೀವಿ. ಒಂದೂ ಆಚೆಗೋಗಿಲ್ಲ, ಬೇಕಾದ್ರೆ ಎಣಿಸ್ಕೊಳ್ಳಿ.”

“ಏಕೆ ಬೇಕಾಯಿತಮ್ಮ ಇದು?”

“ಹಲಗೆ ಮ್ಯಾಲೆ ಕೆಂಪು ಬಿದ್ರೆ ಬೆಳಗ್ಗೆ ಮೀಟಿಂಗಲ್ಲಿ ನನ್ನ ನಿಲ್ಲಿಸ್ತಾರೆ. ಎಲ್ಲಾರ ಮುಂದೆ, ಯಾಕೆ ಕಮ್ಮಿ, ಯಾಕೆ ಕಮ್ಮಿ ಅಂತ. ಮೂರು ದಿನ ನಿಂತ್ಕೊಂಡೆ. ನಾಕನೇ ದಿನ ಬುಟ್ಟಿ ತಂದೆ.”

“ಕೆಟ್ಟ ಗಂಟೆಯಲ್ಲಿ ಆಗುವುದಾದರೂ ಏನು?”

“ಟೆಸ್ಟಿಂಗ್ ಮಿಷನ್ನು ದೀಪ ಕೊಡಲ್ಲ. ಗಾಳಿ ಬರಲ್ಲ ಅದಕ್ಕೆ. ಹೇಳಿದ್ವಿ. ಬೋರ್ಡಲ್ಲಿ ಮುನ್ನೂರು ಬರ್ತಾನೇ ಐತಲ್ಲಾ, ಗಾಳಿ ಇಲ್ಲ ಅಂದ್ರೆ ಯಾರ್ ನಂಬ್ತಾರೆ ಅಂದ್ರು ಇನ್‌ಚಾರ್ಜು.”

ನಾನು ಅಲ್ಲಿಯೇ ಸ್ಟೂಲಿನ ಮೇಲೆ ಕುಳಿತೆ. ಆ ಬುಟ್ಟಿ ಕೆಟ್ಟ ಗಂಟೆಗಳನ್ನು ಮುಚ್ಚಿತ್ತು, ನಿಜ. ಆದರೆ ಅದರ ಜೊತೆಗೆ ಒಳ್ಳೆಯ ಗಂಟೆಗಳನ್ನೂ ಮುಚ್ಚಿಬಿಟ್ಟಿತ್ತು. ಮಾಲೀಕರು ಬಯಸುತ್ತಿದ್ದ ಮುನ್ನೂರ ನಲವತ್ತನ್ನು ಈ ಹೆಣ್ಣುಮಕ್ಕಳು ಆಗಲೇ ದಿನದ ಬಹುಪಾಲು ಗಂಟೆಗಳಲ್ಲಿ ಮಾಡುತ್ತಿದ್ದರು. ಅದನ್ನು ಅವರೇ ಸೀರೆಯ ತುಂಡಿನ ಕೆಳಗೆ ಬಚ್ಚಿಟ್ಟಿದ್ದರು. ಬೈಗುಳ ತಪ್ಪಿಸಿಕೊಳ್ಳಲು ಮಾಡಿದ ಉಪಾಯವೇ ಅವರ ಲೈನನ್ನು ಮುಚ್ಚಿಸುವ ಹಂತಕ್ಕೆ ತಂದಿತ್ತು. ಇದನ್ನು ಹೇಳಿದಾಗ ನಾಯಕಿಯ ಮುಖದಲ್ಲಿ ಮೊದಲ ಬಾರಿಗೆ ಗಾಬರಿ ಕಂಡೆ. ಲೈನು ಮುಚ್ಚುವ ಮಾತನ್ನು ಅವರು ಗಾಳಿಸುದ್ದಿ ಎಂದುಕೊಂಡಿದ್ದರು.

“ಹೇಳ್ಬ್ಯಾಡಿ ತಾತ ಓನರ್‌ಗೆ,” ಎಂದರು.

“ಸುಳ್ಳೆಂದು ಗೊತ್ತಿರುವ ಅಂಕಿಯನ್ನು ನಾನು ಒಪ್ಪಿಸಲಾರೆನಮ್ಮ. ಆದರೆ ಹೇಳುವ ಮೊದಲು ಅವರಿಂದ ಮಾತು ತೆಗೆದುಕೊಳ್ಳುತ್ತೇನೆ.”

ಅವರು ಸೀರೆಯ ತುಂಡನ್ನು ಮತ್ತೆ ಬುಟ್ಟಿಯ ಮೇಲೆ ಹೊದಿಸಿದರು. “ಅಂಗಾದ್ರೆ ನನ್ನ ಹೆಸರೊಂದೇ ಹೇಳಿ. ಉಳಿದೋರ್ದು ಬ್ಯಾಡ.”

ಮಾಲೀಕರ ಕೋಣೆಯಲ್ಲಿ ನಾನು ಮೊದಲು ಕೇಳಿದ್ದು ಅಭಯವನ್ನು: ಈಗ ಹೇಳಲಿರುವುದಕ್ಕೆ ಯಾರಿಗೂ ಶಿಕ್ಷೆಯಾಗಬಾರದು. ಅವರು ಒಪ್ಪಿದರು. ಬುಟ್ಟಿಯ ಸಂಗತಿಯನ್ನು ಹೇಳಿದೆ. ಪಕ್ಕದಲ್ಲಿ ಕುಳಿತಿದ್ದ ಇನ್‌ಚಾರ್ಜ್ ಕುರ್ಚಿಯಿಂದ ಎದ್ದೇಬಿಟ್ಟರು. “ನನ್ ಮೂಗಿನ ಕೆಳಗೆ ಬುಟ್ಟಿ ಇಟ್ಕೊಂಡಿದಾರಾ! ನಾನು ದಿನಾ ಆ ಬೋರ್ಡ್ ಫೋಟೊ ತೆಗೆದು ಕಳಿಸ್ತಿದೀನಿ ಸಾರ್!”

ನಾನು ನನ್ನ ಸಲಹೆ ಮುಂದಿಟ್ಟೆ. ಹಲಗೆಯ ಮೇಲೆ ಅಂಕಿಯ ಪಕ್ಕದಲ್ಲಿ ಇನ್ನೊಂದು ಅಂಕಣ ಇರಲಿ, ಕಾರಣವನ್ನು ಬರೆಯಲು. ಕೆಂಪು ಬಿದ್ದರೆ ಬೆಳಗಿನ ಸಭೆಯಲ್ಲಿ ಲೈನಿನ ನಾಯಕಿ ನಿಲ್ಲುವುದು ಬೇಡ. ಬರೆದ ಕಾರಣ ಯಾರ ವ್ಯಾಪ್ತಿಗೆ ಸೇರಿದೆಯೋ ಅವರು ಉತ್ತರ ಹೇಳಲಿ.

“ಕಾರಣ ಬರೆಯೋಕೆ ಜಾಗ ಕೊಟ್ರೆ ಕಾದಂಬರಿ ಬರೀತಾರೆ ಸಾರ್ ಇವ್ರು!”

ಮಾಲೀಕರು ನಕ್ಕರು. “ಬರೀಲಿ ಬಿಡಿ. ಒಂದು ವಾರ ಓದೋಣ.”

ಅಂಕಣ ಬಂದಿತು, ಕಾರಣ ಬರಲಿಲ್ಲ. ಹಲಗೆಯ ಮೇಲೆ ಅದೇ ಮುನ್ನೂರು, ಮುನ್ನೂರೆರಡು. ಮರುದಿನವೂ ಅದೇ. ಬುಟ್ಟಿ ತನ್ನ ಸ್ಥಾನದಲ್ಲಿಯೇ ಇತ್ತು. ವ್ಯಾನಿನಲ್ಲಿ ನಾಯಕಿಯ ಪಕ್ಕ ಕುಳಿತು ವಿಚಾರಿಸಿದೆ.

“ಮಾತು ಕೊಟ್ಟೋರು ಓನರು. ಬೈಯೋರು ಇನ್‌ಚಾರ್ಜು. ಓನರು ಮೀಟಿಂಗಿಗೆ ಬರ್ತಾರಾ?” ಎಂದರು. ಹಿಂದಿನ ಸೀಟಿನಿಂದ ಪರೀಕ್ಷೆಯ ಮೇಜಿನ ಹುಡುಗಿ ಸೇರಿಸಿದಳು: “ಮೊದಲು ಅವ್ರು ಒಂದು ದಿನ ನನ್ ಜಾಗದಲ್ಲಿ ಕೂತ್ಕೊಳ್ಳಿ ತಾತ. ಆಮೇಲೆ ಬರೀತೀವಿ.”

ಅದು ಕೊಂಕಿನಿಂದ ಆಡಿದ ಮಾತು. ಆದರೆ ನನಗೆ ಅದೇ ಸರಿಯಾದ ದಾರಿಯಾಗಿ ಕಂಡಿತು. ವಿವರಣೆಯಿಂದ ಆಗದ ಕೆಲಸವನ್ನು ಅನುಭವಕ್ಕೆ ಬಿಡುವುದೆಂದು ನಿಶ್ಚಯಿಸಿದೆ. ಇನ್‌ಚಾರ್ಜರ ಬಳಿಗೆ ಹೋಗಿ, ನಾಲ್ಕನೆಯ ಗಂಟೆಯಲ್ಲಿ ನನ್ನ ಜೊತೆ ಪರೀಕ್ಷೆಯ ಯಂತ್ರದ ಮುಂದೆ ಸ್ವಲ್ಪ ಹೊತ್ತು ಕೂರಬೇಕೆಂದು ಬೇಡಿಕೊಂಡೆ. ವಯಸ್ಸಾದವನ ಮಾತನ್ನು ತಳ್ಳಿಹಾಕುವುದು ಅವರಿಗೂ ಆಗಲಿಲ್ಲ. ಆ ಚುರುಕಿನ ಒಳಗೆ ಒಳ್ಳೆಯ ಮನೆತನದ ಮೃದುತ್ವವಿತ್ತು.

ಅವರು ತೋಳು ಮಡಿಸಿ ಕುಳಿತರು. ವಾಲ್ವ್ ಇಟ್ಟರು, ಒತ್ತಿದರು. ಹಸಿರು ದೀಪ. ಇನ್ನೊಂದು; ಹಸಿರು ದೀಪ. “ಸಕ್ಕತ್ತಾಗಿ ಓಡ್ತಿದೆಯಲ್ಲ!” ಎಂದರು. ಆಮೇಲೆ ಪಕ್ಕದ ಶೆಡ್ಡಿನಿಂದ ಬುಸ್ ಎಂಬ ದೀರ್ಘವಾದ ಸದ್ದು ಕೇಳಿಸಿತು. ಯಂತ್ರದ ಮೇಲಿದ್ದ ಒತ್ತಡದ ಮುಳ್ಳು ನೋಡನೋಡುತ್ತ ಕೆಳಗಿಳಿಯಿತು. ಅವರು ವಾಲ್ವ್ ಇಟ್ಟು ಒತ್ತಿದರು. ದೀಪವಿಲ್ಲ. ಕಾದರು. ಮತ್ತೆ ಒತ್ತಿದರು. ಎದುರಿನಲ್ಲಿ ಪರೀಕ್ಷೆಯಾಗದ ವಾಲ್ವ್‌ಗಳು ಗುಡ್ಡೆಯಾಗತೊಡಗಿದವು.

“ಲೋ ಮಗಾ, ದೀಪ ಕೊಡೋ!” ಎಂದು ಯಂತ್ರಕ್ಕೇ ಗದರಿಸಿದರು.

“ಬೇಗ ಬೇಗ ಸಾರ್!” ಎಂದಳು ಆ ಜಾಗದ ಹುಡುಗಿ, ಅವರದೇ ಧಾಟಿಯಲ್ಲಿ. “ಯಾಕೆ ಕಮ್ಮಿ? ಯಾಕೆ ಕಮ್ಮಿ?”

“ನಾಳೆ ಮೀಟಿಂಗಲ್ಲಿ ಯಾರನ್ನ ನಿಲ್ಲಿಸೋಣ್ರೇ?” ಎಂದು ಇನ್ನೊಬ್ಬರು.

ಲೈನಿಗೆ ಲೈನೇ ನಗೆಯಲ್ಲಿ ಮುಳುಗಿತು. ಒಂದು ಕ್ಷಣ ಇನ್‌ಚಾರ್ಜರ ಮುಖ ಬಿಗಿಯಿತು. ಆಮೇಲೆ ಅವರೂ ನಕ್ಕುಬಿಟ್ಟರು. ಗಂಟೆಯ ಕೊನೆಯವರೆಗೆ ಅಲ್ಲಿಂದ ಏಳಲಿಲ್ಲ. ಹಲಗೆಯ ಮುಂದೆ ನಿಂತ ನಾಯಕಿ ಮೊದಲು ಬುಟ್ಟಿಯ ಕಡೆ ನೋಡಿದರು, ನಂತರ ಇನ್‌ಚಾರ್ಜರ ಕಡೆ. ಕೆಂಪು ಪೆನ್ನು ತೆಗೆದುಕೊಂಡು ನೂರ ಎಪ್ಪತ್ತೆಂಟು ಎಂದು ಬರೆದರು. ಪಕ್ಕದಲ್ಲಿ: ಗಾಳಿಯ ಒತ್ತಡ ಕಮ್ಮಿ. ಇನ್‌ಚಾರ್ಜ್ ಅವರ ಕೈಯಿಂದ ಅದೇ ಪೆನ್ನು ಇಸಿದುಕೊಂಡು ಕೆಳಗೆ ತಮ್ಮ ಸಹಿ ಹಾಕಿದರು. ಹಾಕಿ, ನಾಯಕಿಯ ಕಡೆಗಲ್ಲ, ಸದ್ದು ಬಂದ ಶೆಡ್ಡಿನ ಕಡೆಗೆ ದಾಪುಗಾಲು ಹಾಕಿ ನಡೆದರು. ನಾನೂ ಮೇಸ್ತ್ರಿಯೂ ಹಿಂಬಾಲಿಸಿದೆವು.

ಅದು ಹಿತ್ತಾಳೆಯ ಒಡಲುಗಳನ್ನು ಕೊರೆಯುವ ಶೆಡ್ಡು. ದಿನಕ್ಕೆರಡು ಬಾರಿ ಅಲ್ಲಿಯವರು ಕೊರೆದು ಮುಗಿಸಿದ ರಾಶಿಯ ಮೇಲೆ ಜೋರು ಗಾಳಿ ಬಿಟ್ಟು ಹಿತ್ತಾಳೆಯ ಚೂರುಗಳನ್ನು ಊದಿ ತೆಗೆಯುತ್ತಿದ್ದರು. ಇಡೀ ಕಾರ್ಖಾನೆಗೆ ಗಾಳಿ ಒದಗಿಸುವ ಕಂಪ್ರೆಸರ್ ಒಂದೇ. ಒಂದನೆಯ ಲೈನು ಅದರ ಹತ್ತಿರವಿದ್ದುದರಿಂದ ಅಷ್ಟಾಗಿ ನೊಂದಿರಲಿಲ್ಲ. ಎರಡನೆಯದು ಕೊಳವೆಯ ಕೊನೆಯಲ್ಲಿತ್ತು. ಮೇಸ್ತ್ರಿ ಗಾಳಿಯನ್ನು ಕೂಡಿಡುವ ಇನ್ನೊಂದು ತೊಟ್ಟಿ ಬೇಕೆಂದರು. ಅದು ಬರಲು ತಿಂಗಳುಗಳೇ ಹಿಡಿಯುತ್ತವೆ. ನೋಡುವವರು ಬರುವುದು ಅದಕ್ಕೂ ಮೊದಲೇ. ಕಡೆಗೆ, ಲೈನಿನವರು ಊಟಕ್ಕೆ ಹೋದಾಗ ಒಮ್ಮೆ, ಸಂಜೆ ಪಾಳಿ ಮುಗಿದ ಮೇಲೆ ಒಮ್ಮೆ ಊದುವುದೆಂದಾಯಿತು. ಹಾಗಾದರೆ ಕೊರೆಯುವವರು ಊಟವನ್ನು ಅರ್ಧ ಗಂಟೆ ಮೊದಲೇ ಮುಗಿಸಬೇಕು. ಇದಕ್ಕೆ ಕ್ಯಾಂಟೀನಿನ ಅಡುಗೆಯವರು ಸೌಟು ಹಿಡಿದೇ ಹೊರಗೆ ಬಂದರು.

“ನಿಮ್ ವಾಲ್ವಿಗೆ ಗಾಳಿ ಬೇಕು ಅಂತ ನನ್ ಸಾಂಬಾರು ಬೇಗ ಕುದಿಯತ್ತಾ ಸಾರ್?”

“ನಮ್ ವಾಲ್ವ್ ಇಲ್ದೆ ನಿಮ್ ಸಾಂಬಾರು ಕುದಿಯೋದೇ ಇಲ್ವಲ್ಲಣ್ಣ!” ಎಂದರು ನಾಯಕಿ. ಅಡುಗೆಯವರು ಸೋತರು. ಮರುದಿನದಿಂದ ಬೇಳೆಯನ್ನು ಬೇಗ ಒಲೆಗೇರಿಸಿದರು.

ಬುಟ್ಟಿಯಲ್ಲಿ ಉಳಿದಿದ್ದ ವಾಲ್ವ್‌ಗಳನ್ನು ನಾಯಕಿ ಪ್ಯಾಕಿಂಗಿಗೆ ಕೊಟ್ಟರು. ಹಲಗೆಯ ಮೇಲೆ ‘ಹಳೆಯ ಉಳಿಕೆ’ ಎಂದು ತಾವೇ ಬರೆದರು. ಎರಡನೆಯ ಲೈನಿನ ಹಲಗೆಯ ಮೇಲೆ ಮುನ್ನೂರ ನಲವತ್ತರ ಆಸುಪಾಸಿನ ಅಂಕಿಗಳು ಕಾಣತೊಡಗಿದವು. ಒಮ್ಮೆ ಮುನ್ನೂರ ಐವತ್ತೊಂದು, ಒಮ್ಮೆ ಮುನ್ನೂರ ಇಪ್ಪತ್ತೆಂಟು. ಬದುಕಿರುವ ಅಂಕಿಗಳು.

ಒಲೆ ಕಂಪನಿಯ ಅಧಿಕಾರಿ ಬಂದ ದಿನ ನಾನು ಬೆಳಗಿನ ಪೂಜೆಯಲ್ಲಿ ಎರಡು ತುಳಸೀದಳಗಳನ್ನು ಹೆಚ್ಚಾಗಿ ಅರ್ಪಿಸಿ ಹೊರಟಿದ್ದೆ. ಮಿತಭಾಷಿಯಾದ ಮಹಿಳೆ ಅವರು. ಕೊಟ್ಟ ಕುರ್ಚಿಯಲ್ಲಿ ಕೂರದೆ ಹಲಗೆಯ ಎದುರೇ ನಿಂತರು. ಮೊದಲ ಗಂಟೆಗಳು ಸೊಗಸಾಗಿ ಕಳೆದವು. ನಾಲ್ಕನೆಯ ಗಂಟೆಯಲ್ಲಿ, ಜಿಗಣಿಯಲ್ಲಿ ಎಂದಿನಂತೆ, ಕರೆಂಟು ಹೋಯಿತು. ಜನರೇಟರ್ ಹೊತ್ತಿಕೊಂಡು ದೀಪಗಳೆಲ್ಲ ಬಂದವು. ಕಂಪ್ರೆಸರ್ ಮಾತ್ರ ಏಳಲಿಲ್ಲ. ಮೇಸ್ತ್ರಿ ಓಡಿದರು. ಅದು ಮತ್ತೆ ಗುಡುಗುವ ಹೊತ್ತಿಗೆ ಗಂಟೆಯ ದೊಡ್ಡ ತುಂಡೊಂದು ಕರಗಿಹೋಗಿತ್ತು.

ಮಾಲೀಕರ ಮುಖ ಬಾಡಿತ್ತು. ಇನ್‌ಚಾರ್ಜ್ ನಾಯಕಿಯ ಹತ್ತಿರ ಸರಿದು ಪಿಸುಗುಟ್ಟಿದ್ದು ಪಕ್ಕದಲ್ಲಿದ್ದ ನನ್ನ ಕಿವಿಗೂ ಬಿತ್ತು: “ಅಕ್ಕಾ, ಬುಟ್ಟೀಲಿ ಏನಾದ್ರೂ ಒಂದು ನೂರು ಎತ್ತಿಟ್ಟಿದೀರಾ?”

ನಾಯಕಿ ಅವರನ್ನು ಮೇಲಿಂದ ಕೆಳಗೆ ನೋಡಿದರು. “ಈಗ ನೆಪ್ಪಾಯ್ತಾ ಸಾರ್ ನನ್ ಬುಟ್ಟಿ? ನೀವೇ ಅಲ್ವಾ ಬರೀರಿ ಅಂತ ಸಹಿ ಹಾಕಿದ್ದು?”

ಅವರು ಕೆಂಪು ಪೆನ್ನಿನಿಂದ ಇನ್ನೂರ ಹನ್ನೆರಡು ಎಂದು ಬರೆದರು. ಪಕ್ಕದಲ್ಲಿ: ಕರೆಂಟ್ ಹೋಗಿ ಕಂಪ್ರೆಸರ್ ನಿಂತಿತ್ತು. ನಾನು ಕಣ್ಣು ಮುಚ್ಚಿ ಭಗವಂತನನ್ನು ನೆನೆದೆ.

ಅಧಿಕಾರಿ ಅದನ್ನು ಓದಿದರು. ಯಂತ್ರದ ಎಣಿಕೆಯನ್ನು ನೋಡಿದರು. ಅದರಲ್ಲಿಯೂ ಇನ್ನೂರ ಹನ್ನೆರಡೇ. “ಇನ್ನೊಂದು ಗಂಟೆ ನಿಂತು ನೋಡ್ತೀನಿ,” ಎಂದಷ್ಟೇ ಹೇಳಿದರು.

ನಾಯಕಿ ಲೈನಿನ ಕಡೆ ತಿರುಗಿದರು. “ಯಾರೂ ಗಡಿಬಿಡಿ ಮಾಡ್ಬ್ಯಾಡ್ರೇ. ಹಸಿರು ದೀಪ ಕಾಣ್ದೆ ಒಂದೂ ಇಳೀಬಾರ್ದು. ದಿನಾ ಮಾಡೋ ಅಂಗೆ ಮಾಡಿ, ಅಷ್ಟೇ.” ಅವರು ಹಾಗೆಯೇ ಮಾಡಿದರು. ಗಂಟೆಯ ಕೊನೆಗೆ ನೀಲಿ ಶಾಯಿಯಲ್ಲಿ ಮುನ್ನೂರ ನಲವತ್ತಾರು.

ಅಧಿಕಾರಿ ಹಲಗೆಯ ಚಿತ್ರವನ್ನು ಮೊಬೈಲಿನಲ್ಲಿ ತೆಗೆದುಕೊಂಡರು. ಹೊರಡುವಾಗ ಮಾಲೀಕರಿಗೆ ಹೇಳಿದರು: “ನಾನು ನೋಡೋ ಬೋರ್ಡಲ್ಲೆಲ್ಲಾ ಪ್ರತಿ ಗಂಟೇನೂ ಒಂದೇ ಥರ ಇರತ್ತೆ. ಏನಾಯ್ತು ಅಂತ ನಾನೇ ಹುಡುಕ್ಬೇಕು. ಇಲ್ಲಿ ಬರೆದಿದೀರ.” ಹೊಗಳಿಕೆಯೋ ಅಲ್ಲವೋ ತಿಳಿಯದೆ ನಾವು ಒಂದು ವಾರ ಕಾದೆವು.

ಶುಕ್ರವಾರ ಬೆಳಗ್ಗೆ ಚಂದಾಪುರದಲ್ಲಿ ವ್ಯಾನು ಹೊರಡುವ ವೇಳೆಗೆ ಮಾಲೀಕರೇ ಬಂದು ಬಾಗಿಲಲ್ಲಿ ನಿಂತರು. ಆರ್ಡರ್ ಬಂದಿದೆ, ಎರಡನೆಯ ಲೈನು ಮುಚ್ಚುವುದಿಲ್ಲ ಎಂದು ಅವರು ಹೇಳಿ ಮುಗಿಸುವ ಮೊದಲೇ ವ್ಯಾನಿನೊಳಗೆ ಎದ್ದ ಗದ್ದಲದಲ್ಲಿ ಉಳಿದ ಮಾತು ಕೇಳಿಸಲಿಲ್ಲ. ನಾಯಕಿ ಮಾತ್ರ ಕಿಟಕಿಯ ಕಡೆ ತಿರುಗಿ ಸೆರಗಿನಿಂದ ಕಣ್ಣೊರೆಸಿಕೊಂಡರು. ಆಮೇಲೆ ಹಿಂತಿರುಗಿ, “ಏನ್ರೇ ಕಿರುಚ್ತೀರಾ, ಮೊದಲನೇ ಗಂಟೆ ಯಾರ್ ಮಾಡ್ತಾರೆ, ವ್ಯಾನ್ ಬಿಡೋಕ್ ಹೇಳಿ!” ಎಂದರು.

ಅಂದಿನ ಪೂಜೆಗೆ ಹೂವು, ತೆಂಗಿನಕಾಯಿ, ಬಾಳೆಹಣ್ಣು ಬಂದದ್ದು ಆ ನೀಲಿ ಬುಟ್ಟಿಯಲ್ಲಿ. ಮೇಲೆ ಅದೇ ಸೀರೆಯ ತುಂಡು, ಒಗೆದು ಮಡಿ ಮಾಡಿದ್ದು. ನಾನು ಕುಂಕುಮ ಹಿಡಿದು ಎಣಿಕೆಯ ಪೆಟ್ಟಿಗೆಯ ಮುಂದೆ ನಿಂತೆ. ಇಡೀ ಶೆಡ್ಡು ಉಸಿರು ಬಿಗಿಹಿಡಿದು ನನ್ನ ಬೆರಳನ್ನೇ ನೋಡುತ್ತಿತ್ತು.

“ಹಣೆಗೆ ತಾತ, ಹಣೆಗೆ!” ಎಂದರು ನಾಯಕಿ.

ಹಣೆಗೇ ಇಟ್ಟೆ.

ಆ ಕಾಯಕದಲ್ಲಿ ಕೈಜೋಡಿಸಿದ ಎಲ್ಲರಿಗೂ ಒಳಿತಾಗಲಿ. ಕೆಂಪು ಅಂಕಿಯನ್ನು ಎಲ್ಲರ ಮುಂದೆ ಬರೆದ ಆ ತಾಯಿಗೆ, ಅವರ ಜೊತೆ ನಕ್ಕು ದುಡಿದ ಹೆಣ್ಣುಮಕ್ಕಳಿಗೆ, ತಮ್ಮ ಮೇಲಿನ ನಗೆಯನ್ನು ತಾವೂ ನಕ್ಕ ಆ ತರುಣನಿಗೆ, ಓಡಿಹೋಗಿ ಗಾಳಿಯನ್ನು ಮರಳಿ ತಂದ ಮೇಸ್ತ್ರಿಗೆ, ಊಟದ ಹೊತ್ತನ್ನು ಬಿಟ್ಟುಕೊಟ್ಟ ಕೊರೆಯುವವರಿಗೆ, ಬೇಳೆಯನ್ನು ಬೇಗ ಇಟ್ಟ ಅಡುಗೆಯವರಿಗೆ, ಕೊಟ್ಟ ಮಾತನ್ನು ಉಳಿಸಿಕೊಂಡ ಮಾಲೀಕರಿಗೆ, ನಿಂತು ನೋಡಿದ ಅಧಿಕಾರಿಗೆ ಭಗವಂತನು ಆಯುರಾರೋಗ್ಯಗಳನ್ನು ಕೊಡಲಿ. ಅವರ ಕೈಯ ವಾಲ್ವ್ ತಿರುಗಿದ ಒಲೆಗಳಲ್ಲೆಲ್ಲ ಅನ್ನ ಹದವಾಗಿ ಬೇಯಲಿ. ಅವರ ಬದುಕಿನಲ್ಲಿ ಒಳ್ಳೆಯ ಗಂಟೆಗಳು ಹೆಚ್ಚಲಿ. ಕೆಟ್ಟ ಗಂಟೆ ಬಂದಾಗ ಅದನ್ನು ಮುಚ್ಚಿಡಬೇಕಾದ ಭಯ ಇಲ್ಲದಿರಲಿ. ಬರೆದ ಕಾರಣವನ್ನು ಓದಿದವರು ಬೈಯಲು ಬಾರದೆ, ನೆರವಾಗಲು ಬರಲಿ.